ಕ್ಯಾಮೆರಾ ನಿಂತ ಮೇಲಿನ ಸದ್ದು

ಎಡಿಟಿಂಗ್ ಕೋಣೆಯ ಕಪಾಟಿನ ಕಬ್ಬಿಣದ ಬಾಗಿಲನ್ನು ನಾನು ಎಳೆದಾಗ ಅದರ ಅಂಚಿಗೆ ಚರ್ಮ ಅಂಟಿಕೊಂಡಿತ್ತು.

ಒಟ್ಟಿಲಿ ಸ್ಕಾಲಾ ಕೂಗಲಿಲ್ಲ. ಬಲಗೈಯನ್ನು ಎದೆಗೆ ಒತ್ತಿಕೊಂಡು ಗೋಡೆಗೆ ಒರಗಿದವಳು ಹಾಗೆಯೇ ಕೆಳಗೆ ಜಾರಿ ಕುಳಿತಳು. ಫಿಲ್ಮು ಮುಟ್ಟುವವರು ಹಾಕಿಕೊಳ್ಳುವ ಬಿಳಿ ಹತ್ತಿಯ ಕೈಗವಸು ಆ ಕೈಯಲ್ಲಿತ್ತು, ಬೆರಳುಗಳ ಬಳಿ ಹರಿದಿತ್ತು. ನಾಲ್ಕು ಬೆರಳುಗಳೂ ನಡುಗಂಟಿನಲ್ಲಿ ಜಜ್ಜಿ ಚಪ್ಪಟೆಯಾಗಿದ್ದವು. ನಾನು ನೋಡುತ್ತಿದ್ದಂತೆಯೇ ಕೈಗವಸಿನ ಬಿಳುಪು ಹೋಗಿ ತುದಿಯಿಂದ ಹನಿ ಬೀಳತೊಡಗಿತು.

"ಯಾರು?" ಎಂದೆ.

"ಹಿಂದಿನಿಂದ ಬಂದು ತಲೆ ಮೇಲೆ ಕರಿ ಬಟ್ಟೆ ಹಾಕ್ದ, ಇನ್‌ಸ್ಪೆಕ್ಟ್ರೇ. ಬಾಯಿ ಬಿಡ್ಲಿಲ್ಲ. ಗಂಡಸು ಅನ್ನೋದಷ್ಟೇ ಗೊತ್ತಾಯ್ತು." ಆಕೆ ಉಸಿರು ಎಳೆದುಕೊಂಡಳು. "ರೀಲು ಕಿತ್ಕೊಳ್ವಾಗ ನಾನು ಅವನ ಕೋಟು ಹಿಡ್ಕೊಂಡೆ. ಇಲ್ಲೀವರ್ಗೂ ಎಳ್ಕೊಂಡು ಬಂದ. ಕಪಾಟಿನ ಚೌಕಟ್ಟು ಹಿಡ್ಕೊಂಡೆ. ಬಾಗಿಲಿಗೆ ಒದ್ದ. ಆಗ್ಲೂ ಕೋಟು ಬಿಡ್ಲಿಲ್ಲ. ಇನ್ನೊಂದ್ಸಲ ಒದ್ದ."

"ಮೊದಲ್ನೇ ಒದೆಗೇ ಬಿಟ್ಬಿಡೋದಲ್ವೇನಮ್ಮಾ?" ಎಂದ ನನ್ನ ಪೇದೆ ಹವ್ಲಿಚೆಕ್.

"ನೀನು ಬಿಡ್ತಿದ್ದೆ. ಅದಕ್ಕೇ ನೀನಿನ್ನೂ ಪೇದೆ."

ಆಕೆಯ ಹಟಕ್ಕೆ ಕಾರಣವಿತ್ತು. ವಾರದ ಹಿಂದೆ ಲೀಸಿಂಗಿನ ಇದೇ ಸ್ಟುಡಿಯೋದ ಅಂಗಳದಲ್ಲಿ, ಟಿರೋಲ್ ಬೆಟ್ಟಸೀಮೆಯ ಹಳೆಯ ದಂಗೆಯ ಕಥೆಯೊಂದರ ಚಿತ್ರೀಕರಣದಲ್ಲಿ, ಬರೀ ಮದ್ದು ತುಂಬಿದ ಕೋವಿಗಳು ಒಟ್ಟಿಗೆ ಹಾರಿದಾಗ ಒಂದರಲ್ಲಿ ನಿಜವಾದ ಗುಂಡಿತ್ತು. ನಾಯಕ ನಟ ರೈನ್‌ಹಾರ್ಟ್ ಫೊಗ್ಲ್ ಅಲ್ಲೇ ಬಿದ್ದು ಸತ್ತ. ಕೋವಿಗಳಿಗೆ ಮದ್ದು ತುಂಬಿದ್ದು ಒಟ್ಟಿಲಿಯ ತಮ್ಮ ಫ್ಲೋರಿಯಾನ್. ಅವನು ನಮ್ಮ ಲಾಕಪ್ಪಿನಲ್ಲಿದ್ದ.

ಸಿಕ್ಕಿಬಿದ್ದ ಕ್ಷಣದಿಂದ ಅವನು ಒಂದು ಮಾತೂ ಆಡಿರಲಿಲ್ಲ. ನಮ್ಮವರು ಅವನ ಪಕ್ಕೆಲುಬು ಮುರಿದಿದ್ದರು, ಆದರೂ ಆಡಿರಲಿಲ್ಲ. ಮರುದಿನ ಬೆಳಿಗ್ಗೆ ಅವನನ್ನು ನ್ಯಾಯಾಧೀಶರ ಮುಂದೆ ನಿಲ್ಲಿಸಬೇಕಾಗಿತ್ತು. ಕೋವಿಗಳನ್ನು ಬೇರೆ ಯಾರೋ ಮುಟ್ಟಿದ್ದಾರೆ ಎಂದು ತೋರಿಸದೆ ಹೋದರೆ ಅವನು ಬದುಕಿರುವಷ್ಟು ಕಾಲ ಜೈಲು.

"ಆ ರೀಲು ಇವತ್ತು ಬೆಳಿಗ್ಗೆ ಲ್ಯಾಬಿನಿಂದ ಬಂತು," ಎಂದಳು ಒಟ್ಟಿಲಿ. "ಫೊಗ್ಲ್ ಬಿದ್ದ ಶಾಟ್ ಅದ್ರಲ್ಲೇ ಇತ್ತು. ಕ್ಲಾಪ್ ಹಲಗೆ ಬಡಿಯೋ ಜಾಗ ಹೊಂದಿಸಿ ಓಡಿಸ್ತಿದ್ದೆ. ಕೋವಿ ಎತ್ತೋವರ್ಗೂ ನೋಡಿದ್ದೆ ಅಷ್ಟೆ."

ಹವ್ಲಿಚೆಕ್‌ನನ್ನು ಆಂಬುಲೆನ್ಸಿಗೆ ಫೋನು ಮಾಡಲು ಕಳಿಸಿದೆ. ಕೋಣೆಯಲ್ಲಿದ್ದ ಬಟ್ಟೆಯಿಂದ ಆಕೆಯ ಕೈ ಸುತ್ತಿದೆ. ನಾನು ಸುತ್ತಿದ್ದು ಸರಿಯಿತ್ತೋ ಇಲ್ಲವೋ ಗೊತ್ತಿಲ್ಲ. ಬಿಗಿಯಾಯಿತೆಂದು ಬಿಚ್ಚಿದೆ, ರಕ್ತ ನುಗ್ಗಿತೆಂದು ಮತ್ತೆ ಬಿಗಿದೆ. ಆಕೆ ನನ್ನ ಮುಖವನ್ನು ನೋಡುತ್ತಿದ್ದಳೇ ಹೊರತು ಕೈಯನ್ನಲ್ಲ.

"ಹೋಯ್ತು ಬಿಡಿ ಈ ಕೈ," ಎಂದಳು. "ಹದಿನಾರನೇ ವಯಸ್ಸಿಗೆ ನೆಲಮಾಳಿಗೇಲಿ ಫಿಲ್ಮಿಗೆ ಅಂಟು ಬಳಿಯೋಕೆ ಸೇರ್ಕೊಂಡೆ. ಆಗ ಚಿತ್ರಗಳಿಗೆ ಮಾತೇ ಬಂದಿರ್ಲಿಲ್ಲ. ಮಾತು ಬಂತು, ಯುದ್ಧ ಬಂತು, ರಷ್ಯದವ್ರು ಬಂದ್ರು, ಹೋದ್ರು. ಕೂತ ಕುರ್ಚಿ ಇದೇ. ಎಡಗೈಲಿ ಯಾರು ಕೆಲ್ಸ ಕೊಡ್ತಾರೆ?"

ಬಟ್ಟೆಗೆ ಗಂಟು ಹಾಕಿದೆ. ಎದ್ದು ಎಡಿಟಿಂಗ್ ಟೇಬಲ್ಲಿನ ಕಡೆ ಹೋದೆ.

ಮೇಜಿನ ಮೇಲೆ ರೀಲಿಡುವ ತಟ್ಟೆಗಳು. ಗೋಡೆಯುದ್ದಕ್ಕೆ ಕೊಕ್ಕೆಗಳಿಂದ ಜೋತುಬಿದ್ದ ಫಿಲ್ಮಿನ ತುಂಡುಗಳು. ಚಿತ್ರದ ರೀಲು ಹೋಗಿತ್ತು. ದೀಪದ ಮುಂದಿನ ಕಿಂಡಿಯಲ್ಲಿ ಮಾತ್ರ ಹರಿದ ಒಂದು ಗೇಣು ಫಿಲ್ಮು ಸಿಕ್ಕಿಕೊಂಡಿತ್ತು. ಅದನ್ನು ಬೆಳಕಿಗೆ ಹಿಡಿದು ನೋಡಿದೆ. ಎರಡೂ ಅಂಚುಗಳಲ್ಲಿ, ತೂತುಗಳ ಸಾಲಿನ ಮೇಲೆ, ರಕ್ತ.

"ಇದು ನಿಮ್ಮ ರಕ್ತಾನಾ?"

"ನನ್ನ ಕೈ ಜಜ್ಜಿದ್ದು ಅಲ್ಲಿ, ಕಪಾಟಿನ ಹತ್ರ." ಆಕೆ ಯೋಚಿಸಿದಳು. "ಓಡೋ ಫಿಲ್ಮನ್ನ ಬರಿಗೈಲಿ ಹಿಡಿದು ಎಳೆದಿದಾನೆ. ಕುಯ್ದಿರತ್ತೆ, ಇನ್‌ಸ್ಪೆಕ್ಟ್ರೇ. ಬ್ಲೇಡಿನ ಥರ. ಈ ಕೋಣೇಲಿ ಕೆಲ್ಸ ಮಾಡಿದೋನು ಯಾರೂ ಹಾಗೆ ಮಾಡಲ್ಲ."

"ಹಾಗಾದ್ರೆ ಈ ಕೋಣೇಲಿ ಕೂತು ಬರೀ ನೋಡೋನು."

"ನನ್ನ ಬೆನ್ನ ಹಿಂದೆ ಸೋಫಾ ಇದ್ಯಲ್ಲ," ಎಂದಳು ಒಟ್ಟಿಲಿ. "ಅಲ್ಲಿ ಕಾಲ್ಮೇಲೆ ಕಾಲು ಹಾಕ್ಕೊಂಡು ಕೂತ್ಕೊಳ್ಳೋನು ಒಬ್ನೇ."

ಚಿತ್ರದ ನಿರ್ದೇಶಕ ಮಾಗ್ನುಸ್ ಏಡರ್.

* * *

ಹವ್ಲಿಚೆಕ್ ಅವನನ್ನು ಕರೆತಂದಾಗ ಹೊರಗೆ ಇನ್ನೂ ಬಿಸಿಲಿತ್ತು. ಏಡರ್ ಎತ್ತರದ ಆಳು. ಒಳ್ಳೆಯ ಉಣ್ಣೆಯ ಕೋಟು, ಕೈಗೆ ಕಂದು ಚರ್ಮದ ಕೈಗವಸು.

"ಏನ್ರೀ ಇದು? ಅಂಗಳದಲ್ಲಿ ಕುದುರೆಗಳನ್ನ ನಿಲ್ಲಿಸ್ಕೊಂಡು ಬಂದಿದೀನಿ."

"ಕೂತ್ಕೊಳ್ಳಿ ಏಡರ್ ಅವ್ರೇ."

"ಡಾಕ್ಟರ್ ಏಡರ್."

"ಯಾವ ರೋಗಕ್ಕೆ?" ಎಂದ ಹವ್ಲಿಚೆಕ್ ಬಾಗಿಲಲ್ಲೇ ನಿಂತು.

ಏಡರ್ ಅವನ ಕಡೆ ನೋಡಲಿಲ್ಲ. ಒಟ್ಟಿಲಿಯ ಕೈಗೆ ಸುತ್ತಿದ ಬಟ್ಟೆಯನ್ನೂ ನೋಡಲಿಲ್ಲ. ನಾನು ಗಮನಿಸಿದ್ದು ಅದನ್ನೇ. ಕೋಣೆಯೊಳಗೆ ಬಂದ ಯಾರೇ ಆದರೂ ಮೊದಲು ನೋಡುವುದು ಆ ಬಟ್ಟೆಯನ್ನು.

"ಕೈಗವಸು ತೆಗೀರಿ ಡಾಕ್ಟರೇ."

"ಚಳಿ."

"ಹೀಟರು ಉರೀತಿದೆ. ನಂಗೆ ಬೆವರು ಸುರೀತಿದೆ."

"ನಿಮಗೆ ಬೆವರೋದು ಅಭ್ಯಾಸ ಇರ್ಬೇಕು."

"ತೆಗಿಯೋ," ಎಂದಳು ನೆಲದ ಮೇಲಿಂದ ಒಟ್ಟಿಲಿ. ಮೂವತ್ತು ವರ್ಷಗಳಲ್ಲಿ ಆಕೆ ಯಾವ ನಿರ್ದೇಶಕನನ್ನೂ ಏಕವಚನದಲ್ಲಿ ಕರೆದಿರಲಾರಳು. ಏಡರ್ ಮೊದಲ ಸಲ ತಿರುಗಿದ.

ಹವ್ಲಿಚೆಕ್ ಅವನ ಮಣಿಕಟ್ಟಿಗೆ ಕೈ ಹಾಕಿದ. ಹಾಕಿದ್ದೇ ತಡ, ಏಡರ್ ಮೇಜಿನ ಮೇಲಿದ್ದ ಫಿಲ್ಮಿನ ತಗಡು ಡಬ್ಬಿಯನ್ನು ಎತ್ತಿ ಅದರ ಅಂಚಿನಿಂದ ಅವನ ಬಾಯಿಗೆ ಬೀಸಿದ. ಹಲ್ಲು ಮುರಿಯುವ ಸದ್ದು ನನಗೆ ಕೇಳಿಸಿತು. ಡಬ್ಬಿ ಎರಡನೆಯ ಸಲ ಮೇಲೇರಿದಾಗ ನಾನು ಏಡರನ ಕೂದಲು ಹಿಡಿದು ಅವನ ಮುಖವನ್ನು ಮೇಜಿನ ಅಂಚಿಗೆ ಬಡಿದೆ. ಒಂದು ಸಲ ಸಾಕಾಗಿತ್ತು. ನಾನು ಇನ್ನೊಂದು ಸಲ ಬಡಿದೆ.

ಅವನು ಮೊಣಕಾಲ ಮೇಲೆ ಕುಸಿದ. ಮೂಗು ಒಂದು ಪಕ್ಕಕ್ಕೆ ಹೋಗಿತ್ತು. ಅವನ ಎಡಗೈಗೆ ಕೋಳ ತೊಡಿಸಿ ಅದರ ಇನ್ನೊಂದು ತುದಿಯನ್ನು ಮೇಜಿನ ಕಬ್ಬಿಣದ ಕಾಲಿಗೆ ಬಿಗಿದೆ. ಬಲಗೈಯ ಚರ್ಮದ ಕೈಗವಸನ್ನು ಎಳೆದೆ. ಒಳಗಡೆ ರಕ್ತ ಹೆಪ್ಪುಗಟ್ಟಿದ್ದರಿಂದ ಅದು ಸುಲಭಕ್ಕೆ ಬರಲಿಲ್ಲ. ಬಂದಾಗ ಅವನು ಊಳಿಟ್ಟ.

ಅಂಗೈಯಲ್ಲಿ ಆಳವಾದ ಎರಡು ಗೀರುಗಳು, ಒಂದಕ್ಕೊಂದು ಸಮವಾಗಿ. ಅವುಗಳ ನಡುವೆ ಫಿಲ್ಮಿನ ಅಗಲದಷ್ಟೇ ಅಂತರ.

"ರೀಲು ಎಲ್ಲಿ?"

"ಬಾಯ್ಲರಿನಲ್ಲಿ." ಅವನು ಉಗುಳಿದ. "ಹುಡುಕ್ಬೇಡಿ. ಬೂದಿ ಕೂಡ ಸಿಗಲ್ಲ."

ಹವ್ಲಿಚೆಕ್ ಕರವಸ್ತ್ರದೊಳಕ್ಕೆ ಹಲ್ಲುಗಳನ್ನು ಉಗುಳಿ, ಅವನ್ನು ಜೋಪಾನವಾಗಿ ಮಡಚಿ ಜೇಬಿಗಿಟ್ಟುಕೊಂಡ. ಏನೋ ಹೇಳಲು ನೋಡಿದ, ಆಗಲಿಲ್ಲ. ಆಂಬುಲೆನ್ಸಿಗೆ ದಾರಿ ತೋರಿಸಲು ಗೇಟಿಗೆ ಹೋಗು ಎಂದೆ. ಬಾಯಿ ಮುಚ್ಚಿಕೊಂಡು ಹೋದ. ಆಗ ಅವನನ್ನು ಕಳಿಸಿದ್ದು ಸರಿಯೆಂದೇ ನನಗನ್ನಿಸಿತ್ತು.

"ಕೋವಿಗೆ ಗುಂಡು ಹಾಕಿದ್ದು ನೀನೇನಾ?" ಎಂದು ಕೇಳಿದೆ.

ಏಡರ್ ನಿಜವಾಗಿಯೂ ಬೆರಗಾದ. "ನಾನಾ? ನನ್ನ ನಾಯಕನ್ನ ಅರ್ಧ ಚಿತ್ರದಲ್ಲಿ ನಾನೇ ಕೊಂದ್ಕೊಳ್ತೀನಾ?"

"ಮತ್ತೆ ರೀಲು ಯಾಕೆ ಸುಟ್ಟೆ?"

ಉತ್ತರ ಕೊಟ್ಟದ್ದು ಒಟ್ಟಿಲಿ. ಗೋಡೆ ಹಿಡಿದು ಎದ್ದು ನಿಂತು, ಬಹಳ ನಿಧಾನವಾಗಿ.

"ಗುಂಡು ತಗುಲಿದ ತಕ್ಷಣ ಕಟ್ ಅಂದೆ, ಕ್ಯಾಮೆರಾ ನಿಂತ್ಹೋಯ್ತು ಅಂತ ನೀನು ಪೊಲೀಸ್ರಿಗೆ ಬರೆದುಕೊಟ್ಟಿದೀಯ. ಅನ್ಲಿಲ್ಲ ಅಲ್ವಾ?"

ಏಡರನ ಮೂಗಿನಿಂದ ರಕ್ತ ತುಟಿಗೆ, ತುಟಿಯಿಂದ ಕೊರಳಪಟ್ಟಿಗೆ ಇಳಿಯುತ್ತಿತ್ತು.

"ಕಟ್ ಅನ್ನೋಕೆ ಎಷ್ಟು ಹೊತ್ತು ಬೇಕು ಏಡರ್?"

"ಅವನ ಮುಖ..." ಎಂದ ಅವನು. "ಒಟ್ಟಿಲಿ, ನೀನು ಆ ಮುಖ ನೋಡ್ಬೇಕಿತ್ತು. ಇಷ್ಟು ವರ್ಷ ಇಬ್ರೂ ಸೇರಿ ಎಷ್ಟು ಸಾವು ಮಾಡಿದೀವಿ? ಎಲ್ಲ ಸುಳ್ಳು. ಎಲ್ಲ ಟೊಮೇಟೊ ಸಾಸು. ಇವನು ಬಿದ್ದು ಬಾಯಿ ತೆಗ್ದ, ಕಣ್ಣು ನೇರ ಲೆನ್ಸಿಗೆ. ಕ್ಯಾಮೆರಾದೋನು ನನ್ನ ಮುಖ ನೋಡ್ದ. ನಡೀಲಿ ಅಂತ ಕೈ ಮಾಡ್ದೆ. ಫಿಲ್ಮು ಮುಗಿಯೋವರ್ಗೂ ನಡೀತು."

"ಅಷ್ಟು ಹೊತ್ತು ಅವನು ಬದುಕಿದ್ನಾ?" ಎಂದೆ.

"ಬದುಕಿದ್ದ."

"ಯಾರಾದ್ರೂ ಹತ್ರ ಹೋಗಿದ್ರೆ?"

"ಗೊತ್ತಿಲ್ಲ. ಬದುಕ್ಕೊಳ್ತಿದ್ನೇನೋ." ಅವನು ಒಟ್ಟಿಲಿಯ ಕಡೆ ತಲೆಯೆತ್ತಿದ. "ಆಮೇಲೆ ಭಯ ಆಯ್ತು. ಆದ್ರೆ ನಿಜ ಹೇಳು, ನಿನ್ನ ಮೇಜಿಗೆ ಅಂಥ ಶಾಟ್ ಬಂದಿದ್ರೆ ನೀನು ಬಿಸಾಕ್ತಿದ್ಯಾ?"

ಆಕೆ ಅವನಿಂದ ಕಣ್ಣು ತಿರುಗಿಸಿ ಮೇಜಿನ ತಟ್ಟೆಗಳ ಕಡೆ ನೋಡಿದಳು.

"ಅಂದ್ರೆ ನಿಮ್ಮ ತಮ್ಮಂಗೆ ಉಪಯೋಗ ಆಗೋ ಸಾಕ್ಷಿ ಹೋಯ್ತು," ಎಂದೆ.

"ಅರ್ಧ ಹೋಯ್ತು," ಎಂದಳು ಒಟ್ಟಿಲಿ. "ಚಿತ್ರ ಒಂದು ರೀಲು, ಸದ್ದು ಒಂದು ರೀಲು. ಇವನು ತಗೊಂಡು ಹೋಗಿದ್ದು ಚಿತ್ರ ಮಾತ್ರ."

ಮೇಜಿನ ಒಳಬದಿಯ ತಟ್ಟೆಯಲ್ಲಿ, ನಾನು ಖಾಲಿ ಎಂದುಕೊಂಡಿದ್ದ ಕತ್ತಲಿನಲ್ಲಿ, ಕಂದು ಬಣ್ಣದ ಟೇಪಿನ ಸುರುಳಿ ಇತ್ತು. ಏಡರ್ ಅದನ್ನು ನೋಡಿ ಕಣ್ಣು ಮುಚ್ಚಿಕೊಂಡ.

"ಡೈರೆಕ್ಟರುಗಳ ಹಣೆಬರಹವೇ ಇದು. ಸದ್ದು ಅನ್ನೋದೊಂದಿದೆ ಅಂತ ಚಿತ್ರ ಬಿಡುಗಡೆ ಆಗೋ ವಾರ ನೆನಪಾಗತ್ತೆ," ಎಂದಳು ಆಕೆ. ಆ ಕೈಯಿಟ್ಟುಕೊಂಡೂ ನಗುವಿನ ಹತ್ತಿರಕ್ಕೆ ಬಂದಿದ್ದಳು. "ಮೈಕು ಫೊಗ್ಲ್ ತಲೆ ಮೇಲೇ ಕೋಲಿಗೆ ಕಟ್ಟಿ ನೇತು ಹಾಕಿದ್ರು. ಅವನು ಬಿದ್ದಾಗ ಸೌಂಡಿನೋನು ಹೆಡ್‌ಫೋನ್ ಕಿತ್ತು ಬಿಸಾಕಿ ಓಡಿದಾನೆ. ಯಂತ್ರ ಆರಿಸಿಲ್ಲ. ಸುರುಳಿ ದಪ್ಪ ನೋಡಿದ್ರೇ ಗೊತ್ತಾಗತ್ತೆ, ಕ್ಯಾಮೆರಾ ನಿಂತ ಮೇಲೂ ಟೇಪು ಓಡಿದೆ. ಟೇಪಿನ ಆ ಬಾಲಾನ ಇನ್ನೂ ಯಾರೂ ಕೇಳಿಲ್ಲ. ಕೋವಿ ಮುಟ್ಟಿದೋನು ಭಯಕ್ಕೆ ಏನಾದ್ರೂ ಬಾಯಿ ಬಿಟ್ಟಿರ್ಬೋದು. ಫ್ಲೋರಿಯಾನ್ ಅಲ್ಲ ಅನ್ನೋಕೆ ಒಂದು ಮಾತು ಸಾಕು ನಂಗೆ."

"ಬೇಡ ಒಟ್ಟಿಲಿ," ಎಂದ ಏಡರ್. ದನಿ ಬದಲಾಗಿತ್ತು. "ಅದನ್ನ ಹಾಕ್ಬೇಡ."

"ಹೆದ್ರಿಕೆ ಆಗ್ತಿದ್ಯಾ?"

"ನಂಗಲ್ಲ."

ನನಗೆ ಆಗಲೇ ಹೊಳೆಯಬೇಕಿತ್ತು.

ಆಕೆ ಎಡಗೈಯಲ್ಲಿ ಕತ್ತರಿ ತೆಗೆದುಕೊಂಡು ಕಿಂಡಿಯಲ್ಲಿ ಸಿಕ್ಕಿದ್ದ ಹರಿದ ಫಿಲ್ಮನ್ನು ಕತ್ತರಿಸಿ ತೆಗೆದಳು. ಟೇಪಿನ ತುದಿಯನ್ನು ಯಾವ ಚಕ್ರದಿಂದ ಯಾವ ಚಕ್ರಕ್ಕೆ ಹಾಕಬೇಕೆಂದು ಹೇಳಿದಳು, ನಾನು ಹಾಕಿದೆ. ಸನ್ನೆಕೋಲನ್ನು ಮುಂದಕ್ಕೆ ಒತ್ತಿದೆ.

ಕ್ಲಾಪ್. ಕುದುರೆಯ ಕೆನೆತ. ಏಡರನ ದನಿ, ದೂರದಿಂದ: "ಕೋವಿ ಎತ್ತಿ!" ತಮಟೆ. ಆಮೇಲೆ ಆ ಸಣ್ಣ ಕೋಣೆಯ ಗೋಡೆಗಳು ಅದುರುವಂಥ ಸದ್ದು. ಒಂದು ಮೈ ಕಲ್ಲಿನ ಮೇಲೆ ಬಿತ್ತು.

ಟೇಪಿನಲ್ಲಿ ಮೊದಲು ಯಾರೂ ಗಾಬರಿಯಾಗಲಿಲ್ಲ, ನಟನೆ ಎಂದುಕೊಂಡಿದ್ದರು. ಬಳಿಕ ಒಬ್ಬ ಹೆಂಗಸು ಕಿರುಚಿದಳು. ಬೂಟುಗಳು ಓಡಿದವು. "ಹೊಗೆ, ಈ ಕಡೆಯಿಂದ ಏನೂ ಕಾಣ್ತಿಲ್ಲ," ಎಂದು ಯಾರೋ ಅತ್ತರು. ಇದೆಲ್ಲದರ ಅಡಿಯಲ್ಲಿ ಕ್ಯಾಮೆರಾ ಗುರುಗುಟ್ಟುತ್ತಲೇ ಇತ್ತು. ಎಷ್ಟು ಹೊತ್ತಾದರೂ ನಿಲ್ಲಲಿಲ್ಲ. ಗಂಟಲಲ್ಲಿ ನೀರು ತುಂಬಿದವನಂತೆ ಫೊಗ್ಲ್ ಉಸಿರಾಡುತ್ತಿದ್ದ. ನಾನು ಯುದ್ಧದಲ್ಲಿ ಅಂಥ ಉಸಿರು ಕೇಳಿದ್ದೇನೆ. ಆದರೂ ಕಿವಿ ಮುಚ್ಚಿಕೊಳ್ಳಬೇಕೆನಿಸಿತು.

ಕ್ಯಾಮೆರಾ ನಿಂತಿತು. ಫಿಲ್ಮು ಮುಗಿದಿತ್ತು.

ಆಮೇಲೆ, ಮೈಕಿಗೆ ತೀರ ಹತ್ತಿರದಲ್ಲಿ, ಒಂದು ಪಿಸುಮಾತು.

"ನೋಯ್ತಿದ್ಯಾ?"

ಉಸಿರು ಕೊಸರಿತು.

"ನೋಯ್ಲಿ. ಸಾಯೋಕೆ ಅವಸರ ಮಾಡ್ಬೇಡ."

ನಾನು ಸನ್ನೆಕೋಲು ಹಿಂದಕ್ಕೆಳೆದು ಯಂತ್ರ ನಿಲ್ಲಿಸಿದೆ. ಪಿಸುಮಾತಿನಲ್ಲಿ ಯಾರ ದನಿಯೆಂದು ಗೊತ್ತಾಗುವುದಿಲ್ಲ. ಕನಿಷ್ಠ ನನಗೆ ಗೊತ್ತಾಗಲಿಲ್ಲ. ಆದರೆ ಇದು ನಟರ ಉಸಿರು, ತೊದಲು, ನಾಲಿಗೆಯ ಚಪ್ಪರಿಕೆ ಎಲ್ಲವನ್ನೂ ಹೆಕ್ಕಿ ತೆಗೆಯುತ್ತ ಬದುಕಿದ ಹೆಂಗಸು. ಆಕೆಗೆ ಗೊತ್ತಾಗುತ್ತದೆಂದು ತಿರುಗಿದೆ.

ಕೈ ಜಜ್ಜಿದಾಗಲೂ ಉಳಿದಿದ್ದ ಬಣ್ಣ ಈಗ ಆಕೆಯ ಮುಖದಲ್ಲಿ ಇರಲಿಲ್ಲ.

"ಯಾರದು ಸ್ಕಾಲಾ ಅವ್ರೇ?"

ಆಕೆ ತುಟಿ ಒದ್ದೆ ಮಾಡಿಕೊಂಡಳು.

"ಇವನದ್ದೇ," ಎಂದಳು, ಏಡರನನ್ನು ತೋರಿಸಿ. "ಏಡರ್‌ದು. ನಂಗೆ ಚೆನ್ನಾಗಿ ಗೊತ್ತು."

ಏಡರ್ ನಗಲು ಶುರು ಮಾಡಿದ. ನಕ್ಕಾಗ ಮೂಗಿನಿಂದ ರಕ್ತದ ಗುಳ್ಳೆಗಳು ಬಂದವು.

"ಪರವಾಗಿಲ್ಲ ಒಟ್ಟಿಲಿ. ಕೈ ಮುರಿದೋನ ಕತ್ತು ಮುರಿಯೋದು ನ್ಯಾಯಾನೇ. ಆದ್ರೆ ಇನ್‌ಸ್ಪೆಕ್ಟ್ರೇ, ಯಾಕೆ ನಿಲ್ಲಿಸಿದ್ರಿ? ಬಿಡಿ ಮುಂದಕ್ಕೆ."

"ಮುಂದೆ ಏನೂ ಇಲ್ಲ," ಎಂದಳು ಆಕೆ. "ಬರೀ ಗಾಳಿ."

ಇನ್ನೂ ಯಾರೂ ಕೇಳಿರದ ಟೇಪಿನಲ್ಲಿ ಮುಂದೆ ಏನೂ ಇಲ್ಲವೆಂದು ಆಕೆಗೆ ಹೇಗೆ ಗೊತ್ತು? ತಟ್ಟೆಯಲ್ಲಿ ಇನ್ನೂ ಬೆರಳು ದಪ್ಪದ ಸುರುಳಿ ಉಳಿದಿತ್ತು. ನಾನು ಸನ್ನೆಕೋಲನ್ನು ಮತ್ತೆ ಒತ್ತಿದೆ.

"ಟೇಪು ಯಾಕೆ, ನಾನೇ ಹೇಳ್ತೀನಿ. ಮೊದಲೇ ಹೇಳಿದ್ರೆ ನಾನು ಕಟ್ ಅಂದಿಲ್ಲ ಅನ್ನೋದೂ ಬಯಲಾಗ್ತಿತ್ತು," ಎಂದ ಏಡರ್. "ಹೊಗೆ ಒಳಗೆ ಅವನ ಮೇಲೆ ಬಗ್ಗಿದ್ದು ಬೇರೆ ಯಾರೂ ಅಲ್ಲ, ಈಕೆಯ ತ..."

ಆಕೆ ಕಿರುಚಲಿಲ್ಲ, ಓಡಲಿಲ್ಲ. ಒಂದು ಹೆಜ್ಜೆ ಮುಂದಿಟ್ಟು ಎಡಗೈಯಲ್ಲಿದ್ದ ಕತ್ತರಿಯನ್ನು ಅವನ ದವಡೆಯ ಕೆಳಗೆ ಚುಚ್ಚಿದಳು. ಅಭ್ಯಾಸವಿಲ್ಲದ ಕೈ. ಅದು ಓರೆಯಾಗಿ ಹೋಯಿತು. ಆಕೆ ಅದನ್ನು ಎಳೆದು ತೆಗೆದಾಗ ರಕ್ತ ಮೇಜಿನ ಮೇಲಿನ ಗಾಜಿನ ಪರದೆಯವರೆಗೆ ಚಿಮ್ಮಿತು.

ನಾನು ಏಡರನ ಮೇಲೆ ಬಿದ್ದು ಎರಡೂ ಕೈಗಳಿಂದ ಅವನ ಕತ್ತು ಅದುಮಿದೆ. ಬೆರಳುಗಳ ಸಂದಿಯಿಂದ ಬಿಸಿ ರಕ್ತ ಮಿಡಿದು ಮಿಡಿದು ಬರುತ್ತಿತ್ತು. ಅವನ ಕಣ್ಣು ನನ್ನ ಮೇಲೆಯೇ ಇತ್ತು. ಕೋಳ ಹಾಕಿದ ಕೈ ಮೇಜಿನ ಕಾಲಿಗೆ ಬಡಿಯುತ್ತಿತ್ತು.

ಟೇಪು ಓಡುತ್ತಲೇ ಇತ್ತು.

"ಫ್ಲೋರಿಯಾನ್!" ಸ್ಪೀಕರಿನಿಂದ, ದೂರದಲ್ಲಿ, ಏಡರನ ಕೂಗು. "ಏಳೋ ಅವನ ಮೇಲಿಂದ!"

"ತಡೀರಿ ಡಾಕ್ಟರೇ." ಇದು ಹತ್ತಿರದ ದನಿ. ಈಗ ಪಿಸುಗುಡುತ್ತಿರಲಿಲ್ಲ. ಒಂದು ವಾರ ನಾವು ಎಷ್ಟು ಹೊಡೆದರೂ ಕೇಳಿಸದ ದನಿ. ಆಶ್ಚರ್ಯವೆನಿಸುವಷ್ಟು ಮೃದುವಾಗಿತ್ತು. "ನಮ್ಮಕ್ಕನ್ನ ಕರೀರಿ. ಅವಳು ನೋಡ್ಲಿ ಇವನ್ನ. ಇವನು ಅವಳಿಗೆ ಮಾಡಿದ್ದನ್ನ ಅವಳು ಕ್ಷಮಿಸಿರ್ಬೋದು. ನಾನು ಕ್ಷಮಿಸಿಲ್ಲ."

ಒಟ್ಟಿಲಿ ಕಣ್ಣು ಮುಚ್ಚಿ ಕೇಳಿದಳು, ಕೊನೆಯ ಅಕ್ಷರದವರೆಗೂ.

"ಫೊಗ್ಲ್ ನಿಮಗೆ ಏನು ಮಾಡಿದ್ದ?" ಎಂದೆ. ನನ್ನ ದನಿ ನನಗೇ ಗುರುತು ಸಿಗಲಿಲ್ಲ. "ಸ್ಕಾಲಾ ಅವ್ರೇ, ಕತ್ತರಿ ಕೆಳಗಿಡಿ. ಆ ಟೇಪು ಮುಟ್ಬೇಡಿ."

ನನ್ನ ಎರಡೂ ಕೈಗಳು ಏಡರನ ಕತ್ತಿನ ಮೇಲಿದ್ದವು. ತೆಗೆದರೆ ಅವನು ಸಾಯುತ್ತಿದ್ದ. ಅದು ನನಗೆ ಗೊತ್ತಿತ್ತು, ಆಕೆಗೂ ಗೊತ್ತಿತ್ತು.

ಆಕೆ ಕಣ್ಣು ತೆರೆದಳು. ನನ್ನ ಸುತ್ತ ಬಳಸಿ, ರಕ್ತ ತುಳಿಯದಂತೆ ಹೆಜ್ಜೆಯಿಟ್ಟು ಬಾಗಿಲ ಬಳಿ ಹೋದಳು. ಕತ್ತರಿಯನ್ನು ಹಲ್ಲಿನಲ್ಲಿ ಕಚ್ಚಿ, ಎಡಗೈಯಿಂದ ಒಳಗಡೆಯ ಚಿಲಕ ಹಾಕಿದಳು.